ಹೇಳದ ಕಥೆ, ಬಾಗಿಲಲ್ಲಿ ಒಂದು ಜೋಡು

ಕೇಳುಗರೆಲ್ಲರಿಗೂ ನಮಸ್ಕಾರ.

ಮೊದಲು ಒಂದು ಕಥೆ ಹೇಳಿಬಿಡುತ್ತೇನೆ. ಉಳಿದ ಮಾತು ಆಮೇಲೆ.

ಒಂದೂರಲ್ಲಿ ಒಬ್ಬ ಹೆಂಗಸಿದ್ದಳು. ಅವಳಿಗೆ ಒಂದು ಕಥೆ ಗೊತ್ತಿತ್ತು, ಒಂದು ಹಾಡು ಗೊತ್ತಿತ್ತು. ಕಥೆಯನ್ನು ಯಾರಿಗೂ ಹೇಳಲಿಲ್ಲ, ಹಾಡನ್ನು ಯಾರ ಮುಂದೆಯೂ ಹಾಡಲಿಲ್ಲ. ಒಳಗೇ ಇದ್ದೂ ಇದ್ದೂ ಅವಕ್ಕೆ ಉಸಿರು ಕಟ್ಟಿತು. ಒಂದು ದಿನ ಅವಳು ಬಾಯಿ ತೆರೆದು ಮಲಗಿದ್ದಾಗ ಎರಡೂ ಹೊರಗೆ ಜಾರಿಕೊಂಡವು. ಕಥೆ ಒಂದು ಜೊತೆ ಕಾಲಿನ ಜೋಡಾಗಿ ಬಾಗಿಲ ಹೊರಗೆ ಕೂತಿತು. ಹಾಡು ಗಂಡಸರ ಕೋಟಾಗಿ ಗೂಟದಲ್ಲಿ ನೇತಾಡಿತು.

ಗಂಡ ಮನೆಗೆ ಬಂದ.

"ಯಾರೇ ಬಂದಿರೋದು?"

"ಯಾರೂ ಇಲ್ವಲ್ಲ."

"ಮತ್ತೆ ಈ ಜೋಡು, ಈ ಕೋಟು ಯಾರದು?"

"ನನಗೇನು ಗೊತ್ತು!"

ಮಾತಿಗೆ ಮಾತು ಬೆಳೆಯಿತು. ಅವನು ಕಂಬಳಿ ಹೊದ್ದು ಹನುಮಪ್ಪನ ಗುಡಿಗೆ ಹೋಗಿ ಮಲಗಿದ. ಅವಳು ಏನೂ ತಿಳಿಯದೆ ಅತ್ತು, ದೀಪ ಶಾಂತ ಮಾಡಿ ಮಲಗಿದಳು. ದೀಪ ಆರಿಸು ಎಂದು ನಮ್ಮ ಹಿರಿಯರು ಹೇಳುತ್ತಿರಲಿಲ್ಲ, ಅಲ್ವಾ? ಈ ಕಥೆಯಲ್ಲೂ ದೀಪ ಆರಿ ಹೋಗುವುದಿಲ್ಲ. ಊರಿನ ದೀಪಗಳೆಲ್ಲ ಮನೆಗಳಲ್ಲಿ ಶಾಂತವಾದ ಮೇಲೆ ಅದೇ ಗುಡಿಗೆ ಬಂದು ಹರಟೆ ಹೊಡೆಯುತ್ತವೆ! ಆ ರಾತ್ರಿ ಒಂದು ದೀಪ ತಡವಾಗಿ ಬಂತು. ಯಾಕೆ ತಡ ಎಂದು ಉಳಿದವು ಕೇಳಿದವು. ಅದು ನಡೆದದ್ದನ್ನೆಲ್ಲ ಹೇಳಿತು. ಮಲಗಿದ್ದ ಗಂಡನ ಕಿವಿಗೂ ಬಿತ್ತು. ಅವನ ಅನುಮಾನ ಕರಗಿತು.

ಈ ಕಥೆಗೆ ಇನ್ನೊಂದು ಚೂರಿದೆ. ಅದನ್ನು ಕೊನೆಗೆ ಇಟ್ಟುಕೊಂಡಿದ್ದೇನೆ.

ಮೈಸೂರಿನಲ್ಲಿ 1929ರಲ್ಲಿ ಹುಟ್ಟಿದ ಎ. ಕೆ. ರಾಮಾನುಜನ್ ಅವರು ಕನ್ನಡದ ಬಾಯ್ಮಾತಿನಿಂದ ಬರೆದುಕೊಂಡ ಕಥೆಗಳಲ್ಲಿ ಇದೂ ಒಂದು. ಯಾರು ಕಟ್ಟಿದರೋ ಯಾರಿಗೂ ಗೊತ್ತಿಲ್ಲ. ಇದರಲ್ಲಿ ಮಂತ್ರವಾದಿ ಇಲ್ಲ, ತಾಯಿತ ಇಲ್ಲ. ಆದರೂ ಒಂದು ಮಾಯೆಯ ಕಟ್ಟುನಿಟ್ಟಾದ ಲೆಕ್ಕವಿದೆ. ಹೇಳದೆ ಇಟ್ಟ ಕಥೆ ಮನೆಯೊಳಗೆ ಒಂದು ಸುಳ್ಳಾಗಿ ನಿಲ್ಲುತ್ತದೆ. ಆ ಸುಳ್ಳು ಕರಗಬೇಕಾದರೆ ಯಾರಾದರೂ, ಕೊನೆಗೆ ಒಂದು ದೀಪವಾದರೂ, ನಡೆದದ್ದನ್ನು ಹೇಳಬೇಕು.

ಇದೇ ಲೆಕ್ಕ ನಮ್ಮ ಗಣೇಶನ ಹಬ್ಬದಲ್ಲೂ ಇದೆ. ಚೌತಿಯ ಚಂದ್ರನನ್ನು ನೋಡಿದರೆ ಮಾಡದ ಕಳ್ಳತನ ತಲೆಗೆ ಬರುತ್ತದೆ. ಅದಕ್ಕೆ ಮದ್ದು ಏನು? ಕಥೆ! ಅಕ್ಷತೆ ಕೈಯಲ್ಲಿ ಹಿಡಿದು ಶಮಂತಕ ಮಣಿಯ ಕಥೆ ಕೇಳಬೇಕು. ಕೃಷ್ಣನ ಮೇಲೂ ಅಂಥದೇ ಅಪವಾದ ಬಂದಿತ್ತಲ್ಲ, ಸತ್ರಾಜಿತನ ಮಣಿ ಕದ್ದ ಎಂದು. ಮಣಿ ಧರಿಸಿ ಬೇಟೆಗೆ ಹೋದ ಸತ್ರಾಜಿತನ ತಮ್ಮ ಪ್ರಸೇನನನ್ನು ಸಿಂಹ ಕೊಂದಿತು, ಸಿಂಹವನ್ನು ಜಾಂಬವಂತ ಕೊಂದ. ಮಣಿ ಅವನ ಮಗುವಿನ ಆಟಿಕೆಯಾಯಿತು. ಕೃಷ್ಣ ಹುಡುಕುತ್ತಾ ಗುಹೆಯೊಳಗೆ ಹೋದಾಗ ದಾದಿಯೊಬ್ಬಳು ಅಳುವ ಮಗುವನ್ನು ಸಮಾಧಾನ ಮಾಡುತ್ತಿದ್ದಳು: ಪ್ರಸೇನನನ್ನು ಸಿಂಹ ಕೊಂದಿತು, ಸಿಂಹವನ್ನು ಜಾಂಬವಂತ ಕೊಂದ, ಅಳಬೇಡ ಕಂದ, ಈ ಮಣಿ ನಿನ್ನದೇ.

ನಾವು ಚೌತಿಯ ದಿನ ದೋಷ ಕಳೆಯಲಿ ಎಂದು ಹೇಳಿಕೊಳ್ಳುವ ಶ್ಲೋಕ ಆ ದಾದಿಯ ಮಾತೇ. ಒಂದು ಜೋಗುಳ! ನನಗೆ ಇದು ಗೊತ್ತಾದ ದಿನ ಮೈ ಜುಂ ಎಂದಿತ್ತು. ಅವಳಿಗೆ ಕೃಷ್ಣ ಯಾರೋ, ಅಪವಾದ ಯಾವುದೋ. ಸುಮ್ನೆ ಮಗುವಿಗೆ ನಡೆದದ್ದು ಹೇಳಿದಳು. ನಿಜ ಏನೆಂದು ಕೃಷ್ಣನ ಕಿವಿಗೆ ಬಿತ್ತು. ಗುಡಿಯ ದೀಪ ಮಾಡಿದ ಕೆಲಸವೂ ಇದೇ ತಾನೆ?

ಮಳೆಯ ಮಾತೂ ಇದೆ. ಮಳೆ ಬಾರದೆ ಹೋದರೆ ನಮ್ಮ ಹಳ್ಳಿಗಳಲ್ಲಿ ಕುಮಾರವ್ಯಾಸ ಭಾರತದ ವಿರಾಟ ಪರ್ವ ಓದಿಸುತ್ತಾರೆ. ಯಾಕೆ ಅದೇ ಪರ್ವ? ಪಾಂಡವರು ಅಡಗಿರುವುದು ಎಲ್ಲಿ ಎಂದು ದುರ್ಯೋಧನ ತಲೆಕೆಡಿಸಿಕೊಂಡಾಗ ಭೀಷ್ಮ ಒಂದು ಗುರುತು ಹೇಳುತ್ತಾನೆ. ಧರ್ಮರಾಯ ಇರುವ ನಾಡಲ್ಲಿ ಹೊತ್ತಿಗೆ ಸರಿಯಾಗಿ ಮಳೆಯಾಗುತ್ತದೆ, ಬೆಳೆ ಬರುತ್ತದೆ, ಹಸುಗಳು ಹಾಲು ಕರೆಯುತ್ತವೆ. ಓದುವಷ್ಟು ಹೊತ್ತು ನಮ್ಮೂರೇ ವಿರಾಟನಗರ, ಧರ್ಮರಾಯ ನಮ್ಮಲ್ಲೇ ಎಲ್ಲೋ ವೇಷ ಮರೆಸಿಕೊಂಡಿದ್ದಾನೆ ಎಂದಾದರೆ ಮೋಡ ಸುಮ್ಮನಿರುವುದು ಹೇಗೆ? ನಾನು ಇದನ್ನು ಹಾಗೆ ಅರ್ಥ ಮಾಡಿಕೊಂಡಿದ್ದೇನೆ. ಒಣಗಿದ ಹೊಲದ ಅಂಚಿನಲ್ಲಿ ಕೂತು ಗಮಕ ಕೇಳುವವರ ಆಸೆ ಸಣ್ಣದಲ್ಲ.

ಇನ್ನು ಹೂಂಗುಟ್ಟುವುದು. ನಮ್ಮ ಅಜ್ಜಿ ಕಥೆ ಹೇಳುವಾಗ ನಾವು ಹೂಂ ಅನ್ನುತ್ತಲೇ ಇರಬೇಕಿತ್ತು. ಹೂಂ ನಿಂತರೆ ಕಥೆಯೂ ನಿಲ್ಲುತ್ತಿತ್ತು. ರಾಜಕುಮಾರ ಕಾಲೆತ್ತಿದ್ದರೆ ಎತ್ತಿದ ಕಾಲಲ್ಲೇ ನಿಲ್ಲುತ್ತಿದ್ದ. ಒಂದು ಕಥೆಯಲ್ಲಿ ಏಳನೆಯ ಬಾಗಿಲ ಹತ್ತಿರ ನನಗೆ ಯಾವಾಗಲೂ ನಿದ್ದೆ ಬಂದುಬಿಡುತ್ತಿತ್ತು. ಆ ಬಾಗಿಲ ಆಚೆ ಏನಿತ್ತು ಎಂದು ನನಗೆ ಇವತ್ತಿಗೂ ಗೊತ್ತಿಲ್ಲ. ಕೇಳೋಣವೆಂದರೆ ಅಜ್ಜಿ ಇಲ್ಲ. ಅಮ್ಮನನ್ನು ಕೇಳಿದೆ. "ನಾನೂ ಅಷ್ಟೊತ್ತಿಗೆ ಮಲಗಿರ್ತಿದ್ದೆ ಕಣೋ" ಎಂದರು.

ಈಗ ಉಳಿದ ಆ ಚೂರು. ಬೆಳಗಾಯಿತು. ಗಂಡ ಹಗುರವಾದ ಮನಸ್ಸಿನಿಂದ ಮನೆಗೆ ಬಂದ. ಹೆಂಡತಿಯ ಪಕ್ಕ ಕೂತು, "ನಿನಗೊಂದು ಕಥೆ ಗೊತ್ತಂತೆ, ಒಂದು ಹಾಡು ಗೊತ್ತಂತೆ. ನನಗೂ ಹೇಳೇ" ಎಂದ.

ಅವಳು ಅವನ ಮುಖ ನೋಡಿದಳು.

"ಯಾವ ಕಥೆ? ಯಾವ ಹಾಡು?"

ನಮಸ್ಕಾರ.