ಛೇದದಲ್ಲಿ ವರ್ಗಮೂಲ ಇದ್ದರೆ ಏನೀಗ?

ಒಂದು ಹಳೇ ಸಿಟ್ಟಿದೆ, ಅದನ್ನು ಮೊದಲು ಹೇಳಿಬಿಡುತ್ತೇನೆ. ಪರೀಕ್ಷೆಯಲ್ಲಿ ನಾನು ಬರೆದ ಉತ್ತರ 1/√2. ಮೇಷ್ಟ್ರು ಅರ್ಧ ಅಂಕ ಕಳೆದು, ಪಕ್ಕದಲ್ಲಿ ಕೆಂಪು ಶಾಯಿಯಲ್ಲಿ √2/2 ಅಂತ ಬರೆದಿದ್ದರು. ಎರಡೂ ಒಂದೇ ಅಲ್ವಾ ಸಾರ್ ಅಂದೆ. "ಛೇದದಲ್ಲಿ ಕರಣಿ ಇರಬಾರದು ಕಣೋ" ಅಂದರು. ಅಷ್ಟೇ. (ಕರಣಿ ಅಂದರೆ √2 ಥರ, ಪೂರ್ತಿ ಬಿಡಿಸಲು ಬಾರದ ಮೂಲ.) ಆಮೇಲೆ ತ್ರಿಕೋನಮಿತಿ ಪಾಠ ಬಂತು. ಕೋಷ್ಟಕದಲ್ಲಿ ಸೈನ್ 45 ಡಿಗ್ರಿಯ ಬೆಲೆ ನೋಡಿದರೆ 1/√2 ಅಂತಲೇ ಅಚ್ಚಾಗಿದೆ! ಪುಸ್ತಕದ ಅಂಕ ಯಾರು ಕಳೆಯಬೇಕು?

ಹೀಗೆ ಛೇದದಿಂದ ಕರಣಿ ತೆಗೆಯುವ ಅಕರಣೀಕರಣದ ಮೇಲೆ ನನಗೆ ಜಗಳ ಇಲ್ಲ. ಅದನ್ನು ಮಡಿ-ಮೈಲಿಗೆ ಥರ ಕಲಿಸುವುದರ ಮೇಲೆ ಜಗಳ.

ಅದರ ಲಾಭ ಬೇಕಾದರೆ ಕೈಲೆಕ್ಕ ಮಾಡಿ ನೋಡಿ. 1ನ್ನು 1.41421ರಿಂದ ಭಾಗಿಸಲು ಕೂತರೆ ಅರ್ಧ ಪುಟ ಹೋಗುತ್ತದೆ. ಅದೇ 1.41421ನ್ನು 2ರಿಂದ ಭಾಗಿಸಿ, ಬಾಯಲ್ಲೇ 0.7071 ಬರುತ್ತದೆ. ಈಗ ಕ್ಯಾಲ್ಕುಲೇಟರ್ ಇದೆ, ಹಾಗಾದರೆ ಇದು ಸುಮ್ನೆ ಕಾಲಹರಣವಾ? ಅಲ್ಲ. 1/(√3−√2) ತಗೊಳ್ಳಿ. √3ಕ್ಕೆ 1.7, √2ಕ್ಕೆ 1.4 ಅಂತ ಇಟ್ಟುಕೊಂಡರೆ ಛೇದ 0.3, ಉತ್ತರ 3.33. ಈಗ ಮೇಲೂ ಕೆಳಗೂ √3+√2ರಿಂದ ಗುಣಿಸಿ. ಕೆಳಗೆ 3−2, ಅಂದರೆ 1. ಉಳಿಯುವುದು √3+√2. ಅದೇ ಒರಟು ಬೆಲೆಗಳನ್ನು ಹಾಕಿದರೂ 3.1. ನಿಜವಾದ ಉತ್ತರ 3.146. ಹತ್ತಿರ ಹತ್ತಿರದ ಎರಡು ಸಂಖ್ಯೆ ಕಳೆದಾಗ ಸಣ್ಣ ತಪ್ಪೂ ದೊಡ್ಡದಾಗುತ್ತದೆ. ಕೂಡಿದಾಗ ಹಾಗಾಗಲ್ಲ. ಅರ್ಧ ಅಂಕ ಕಳೆಯುವ ಬದಲು ಇದನ್ನು ತೋರಿಸಿದ್ದರೆ ನಾನು ಅವತ್ತೇ ಒಪ್ಪುತ್ತಿದ್ದೆ.

ಈ ಚಿಹ್ನೆ ಬದಲಿಸಿ ಗುಣಿಸುವ ಉಪಾಯ ಹೊಸದೇನಲ್ಲ. 12ನೇ ಶತಮಾನದಲ್ಲಿ ಭಾಸ್ಕರಾಚಾರ್ಯರು 'ಬೀಜಗಣಿತ'ದಲ್ಲಿ ಇದನ್ನೇ ಹೇಳಿದ್ದಾರೆ. ಆದರೆ ಅವರು ಎಲ್ಲಿ ನಿಲ್ಲಿಸುತ್ತಾರೆ ಗೊತ್ತಾ? ಭಾಜಕದಲ್ಲಿ ಒಂದೇ ಒಂದು ಕರಣಿ ಉಳಿಯುವವರೆಗೆ ಗುಣಿಸಿ, ಆಮೇಲೆ ಅದರಿಂದಲೇ ಭಾಗಿಸಿ ಅನ್ನುತ್ತಾರೆ. ಕರಣಿಯನ್ನು ಕಂಡು ಅವರೇನೂ ಹೆದರಲಿಲ್ಲ.

ಹೆದರಿಕೆಯಿಂದ ಮಕ್ಕಳು ಏನು ಮಾಡುತ್ತಾರೆ ನೋಡಿ. √6/5ನ್ನು √2/3ರಿಂದ ಭಾಗಿಸಬೇಕು. ಎರಡನೆಯದನ್ನು ತಲೆಕೆಳಗು ಮಾಡಿ ಗುಣಿಸಿದರೆ 3√6/(5√2). ಕೆಳಗೆ √2 ಕಂಡದ್ದೇ ತಡ, ಮೇಲೂ ಕೆಳಗೂ √2ರಿಂದ ಗುಣಾಕಾರ ಶುರು. 3√12/10 ಬಂತು. √12 ಅಂದರೆ 2√3, ಹಾಗಾಗಿ 6√3/10, ಕೊನೆಗೆ 3√3/5. ಸರಿ ಉತ್ತರವೇ. ಆದರೆ √6ನ್ನು √2ರಿಂದ ಭಾಗಿಸಿದರೆ √3 ಅಂತ ಮೊದಲೇ ಕಂಡಿದ್ದರೆ ಒಂದೇ ಸಾಲಲ್ಲಿ ಮುಗಿಯುತ್ತಿತ್ತು. ನಿಯಮ ಕಣ್ಣಿಗೆ ಅಡ್ಡ ಬಂತು, ಲೆಕ್ಕ ಕಾಣಲಿಲ್ಲ. ಇನ್ನು ಕೆಲವರು 1/(√3+1) ಕಂಡರೂ ಬರೀ √3ರಿಂದ ಗುಣಿಸುತ್ತಾರೆ. ಕೆಳಗೆ 3+√3 ಆಗುತ್ತದೆ, ಮೂಲ ಅಲ್ಲೇ ಇರುತ್ತದೆ. √3−1ರಿಂದ ಗುಣಿಸಿದರೆ ಕೆಳಗೆ 3−1, ಅಂದರೆ 2 ಮಾತ್ರ ಉಳಿಯುತ್ತದೆ; ಅದೇ ಯಾಕೆ ಬೇಕು ಅಂತ ಯಾರೂ ಹೇಳಿರಲ್ಲ, ಪಾಪ.

ಇದಕ್ಕಿಂತ ಮಜಾ ಇದೆ. ಒಮ್ಮೊಮ್ಮೆ ಮೂಲವನ್ನು ಬೇಕಂತಲೇ ಕೆಳಗೆ ಕಳಿಸಬೇಕಾಗುತ್ತದೆ. √10001 − 100 ಎಷ್ಟು? ದಶಮಾಂಶ ಎರಡು ಸ್ಥಾನಕ್ಕೆ √10001 ಅಂದರೆ 100.00. ನೂರು ಕಳೆದರೆ ಸೊನ್ನೆ. ಪೂರ್ತಿ ತಪ್ಪು. ಈಗ ಅದನ್ನು √10001 + 100ರಿಂದ ಗುಣಿಸಿ, ಅದರಿಂದಲೇ ಭಾಗಿಸಿ. ಮೇಲೆ 10001−10000, ಅಂದರೆ 1. ಕೆಳಗೆ √10001 + 100. ಅದೇ 100.00 ಹಾಕಿದರೆ 1/200, ಅಂದರೆ 0.005. ನಿಜವಾದ ಬೆಲೆ 0.004999875. ಹೆಚ್ಚುಕಮ್ಮಿ ಅದೇ.

ಛೇದದಲ್ಲಿ ಕರಣಿ ಕೂತಿದೆ. ಇದಕ್ಕೂ ಅರ್ಧ ಅಂಕ ಕಳೆಯುತ್ತೀರಾ ಸಾರ್?