ಕ್ಯೋಟೋದ ನಮ್ಮ ಬೀದಿ, ಬೆಳಗಿನ ಹೊತ್ತು

ಆರೂವರೆ ಆಯಿತು, ಪಾರ್ಕಿನಲ್ಲಿ ರೇಡಿಯೋ ತೈಸೋ ಶುರು, ಅಂದರೆ ರೇಡಿಯೋ ಕೇಳುತ್ತಾ ಮಾಡುವ ವ್ಯಾಯಾಮ. ಪಿಯಾನೋ ಕೇಳಿಸುತ್ತಿದೆ ಅಲ್ವಾ? ಅದರ ಲೆಕ್ಕಕ್ಕೆ ಎಲ್ಲರೂ ಕೈಕಾಲು ಆಡಿಸುತ್ತಾರೆ. 1928ರಲ್ಲಿ ಶುರುವಾದದ್ದು. ಜಪಾನಿನ ಸಾರ್ವಜನಿಕ ಪ್ರಸಾರ ಸಂಸ್ಥೆ ಎನ್‌ಎಚ್‌ಕೆಯ ರೇಡಿಯೋದಲ್ಲಿ ಈಗಲೂ ಬೆಳಗ್ಗೆ 6:30ಕ್ಕೆ ಹತ್ತು ನಿಮಿಷ ಬರುತ್ತದೆ. ಬೇಸಿಗೆ ರಜೆಯಲ್ಲಿ ಮಕ್ಕಳೂ ಬರುತ್ತಾರೆ, ಬಂದ ದಿನಕ್ಕೆಲ್ಲ ಕಾರ್ಡಿನ ಮೇಲೆ ಒಂದು ಸೀಲು. ಮುಂದೆ ನಿಂತಿರುವ ಅಜ್ಜಿಯ ತೋಳು ನೋಡಿ, ಎಷ್ಟು ನೆಟ್ಟಗೆ!

ಇದು ನಮ್ಮ ಬೀದಿ. ಪಕ್ಕದ ಮನೆಯ ಅಜ್ಜಿ ಬಾಗಿಲ ಮುಂದೆ ಗುಡಿಸುತ್ತಿದ್ದಾರೆ. ಕಾದೋಹಾಕಿ ಅನ್ನುತ್ತಾರೆ. ಇದಕ್ಕೊಂದು ರೂಢಿ ಇದೆ. ತಮ್ಮ ಮನೆ ಮುಂದೆ ಪೂರ್ತಿ, ಪಕ್ಕದವರ ಕಡೆಗೆ ಒಂಚೂರು. ಅದಕ್ಕಿಂತ ಜಾಸ್ತಿ ಗುಡಿಸಿದರೆ ಪಕ್ಕದವರಿಗೆ ಮುಜುಗರ. ನನಗೆ ಈ ಲೆಕ್ಕ ತುಂಬಾ ಇಷ್ಟ.

ಈಗ ಕಸದ ವಿಷಯ. ಇದನ್ನು ಹೇಳಲೇಬೇಕು. ಈ ಹಳದಿ ಚೀಲ ನೋಡಿ, ಸುಡುವ ಕಸಕ್ಕೆ ಇದೇ ಆಗಬೇಕು. 45 ಲೀಟರಿನದಕ್ಕೆ 45 ಯೆನ್. 2006ರಿಂದ ಹೀಗೆ. ವಾರಕ್ಕೆ ಎರಡು ದಿನ, ಬೆಳಗ್ಗೆ 8ರೊಳಗೆ ಇಡಬೇಕು. ಕಸ ಹಾಕುವುದಕ್ಕೂ ದುಡ್ಡಾ ಅಂತ ನನಗೆ ಸಿಟ್ಟಿತ್ತು. ಇವತ್ತು ಚೀಲ ಇಟ್ಟು ಮೇಲೆ ಬಲೆ ಹೊದಿಸಿ ಮನೆಗೆ ಬಂದೆ. ಅಷ್ಟರಲ್ಲಿ ಕಾಗೆ ಬಲೆಯ ಅಂಚು ಎತ್ತಿ ಚೀಲ ಹರಿದಿದೆ! ಇಲ್ಲಿನ ಕಾಗೆ ದೊಡ್ಡದು, ಕೊಕ್ಕೂ ದಪ್ಪ. ಮೀನಿನ ಮುಳ್ಳು, ಚಹಾ ಚರಟ, ಮೊಟ್ಟೆ ಸಿಪ್ಪೆ, ಎಲ್ಲ ಬೀದಿ ತುಂಬಾ. ಊರಲ್ಲಿ ತಿಥಿಯ ದಿನ ಮನೆಮಂದಿಯೆಲ್ಲ ಕೈಮುಗಿದು ಕಾಗೆಗೆ ಕಾಯುತ್ತೇವೆ. ನಮ್ಮ ದೊಡ್ಡಪ್ಪನ ತಿಥಿಗೆ ಮಧ್ಯಾಹ್ನ ಆದರೂ ಒಂದೂ ಬರಲಿಲ್ಲ, ಅತ್ತೆ ಅತ್ತೇಬಿಟ್ಟಿದ್ದರು... ಇರಲಿ, ಅದು ಬೇರೆ ಕಥೆ.

ನಾನು ಪೊರಕೆ ಹಿಡಿದು ಬರುವಷ್ಟರಲ್ಲಿ ಪಕ್ಕದ ಮನೆಯ ಅಜ್ಜಿ ಎಲ್ಲ ಬಳಿದು, ತಮ್ಮದೇ ಹೊಸ ಚೀಲಕ್ಕೆ ತುಂಬಿ ಗಂಟು ಹಾಕಿದ್ದರು. ಬದಲಿಗೆ ಒಂದು ಚೀಲ ಕೊಡಲು ಹೋದರೆ ತೆಗೆದುಕೊಳ್ಳಲೇ ಇಲ್ಲ. ಮೀನಿನ ಮುಳ್ಳನ್ನು ಪೇಪರಿನಲ್ಲಿ ಸುತ್ತಿ ಚೀಲದ ನಡುವೆ ಇಡಬೇಕು ಅಂತ ತೋರಿಸಿಕೊಟ್ಟರು, ಅಷ್ಟೇ. 45 ಯೆನ್ ಬಗ್ಗೆ ನಾನಿನ್ನು ಮಾತಾಡುವುದಿಲ್ಲ. ಕಾಗೆ ಮೇಲೆ ಸಿಟ್ಟು ಹಾಗೇ ಇದೆ.

ಅಯ್ಯೋ, ಮಕ್ಕಳು ಬಂದರು! ಅಕ್ಕಪಕ್ಕದ ಮನೆಗಳ ಮಕ್ಕಳೆಲ್ಲ ಒಟ್ಟಿಗೆ ನಡೆದೇ ಶಾಲೆಗೆ ಹೋಗುತ್ತಾರೆ. ದೊಡ್ಡ ತರಗತಿಯವರು ಮುಂದೆ, ಹಳದಿ ಟೋಪಿಯ ಚಿಕ್ಕವರು ಹಿಂದೆ. ಮೂಲೆಯಲ್ಲಿ ಹಳದಿ ಬಾವುಟ ಹಿಡಿದ ಅಜ್ಜ ಇದ್ದಾರಲ್ಲ, ಮಕ್ಕಳನ್ನು ದಾಟಿಸುವವರು ಅವರೇ. ಮಕ್ಕಳ ಮುಖ ತೋರಿಸುವುದು ಬೇಡ, ಕ್ಯಾಮೆರಾ ಇಳಿಸುತ್ತೇನೆ. ಬನ್ನಿ ಒಳಗೆ, ಮಿಸೊ ಸೂಪಿಗೆ ನೀರಿಡಬೇಕು.