1,200ರ ಪ್ರಿಂಟರ್, 350ರ ರಿಬ್ಬನ್

ನಮಸ್ಕಾರ! ಇದೇ ನೋಡಿ, ಬೆಂಗಳೂರಿನ ಎಸ್.ಪಿ. ರೋಡಲ್ಲಿ ಸಿಕ್ಕ ಡಾಟ್ ಮ್ಯಾಟ್ರಿಕ್ಸ್ ಪ್ರಿಂಟರ್. 1,200 ರೂಪಾಯಿ. ಬಿಚ್ಚುವುದನ್ನು ನೋಡುತ್ತಿರಿ, ನಾನು ನನ್ನ ಗೋಳು ಹೇಳುತ್ತೇನೆ.

"ರಿಬ್ಬನ್ ಒಳಗೇ ಇದೆ ಸರ್" ಅಂದಿದ್ದರು ಅಂಗಡಿಯವರು. ರಿಬ್ಬನ್ ಅಂದರೆ ಇಂಕ್ ಹೀರಿದ ಬಟ್ಟೆಯ ಪಟ್ಟಿ. ಇತ್ತು, ಒಣಗಿ ಹಪ್ಪಳ ಆಗಿತ್ತು. ಹೊಸದಕ್ಕೆ 350! ಯಾಕೆ ದಂಡ, ಹಳೇದಕ್ಕೇ ಸ್ಟಾಂಪ್ ಪ್ಯಾಡ್ ಇಂಕ್ ಹಾಕೋಣ ಅಂತ ಜಾಣತನ ತೋರಿಸಿದೆ. ಡಬ್ಬಿ ಮುಚ್ಚಳ ತೆಗೆದಿದ್ದೇ ತಡ, ಮೀಟರುಗಟ್ಟಲೆ ರಿಬ್ಬನ್ ಹಾವಿನ ಹಾಗೆ ಹೊರಗೆ ಬಂತು. ಒಂದು ಗಂಟೆ ತುರುಕಿದೆ. ಈ ಕೈ ನೋಡಿ, ಮೂರು ಸಲ ಸೋಪು ಹಾಕಿದ ಮೇಲೆ ಹೀಗಿದೆ. ಅಮ್ಮನ ಹೊಸ ಟವೆಲ್ ಮಾತ್ರ ತೋರಿಸುವುದಿಲ್ಲ. ಕೊನೆಗೆ ತೆಪ್ಪಗೆ ಹೋಗಿ 350 ಕೊಟ್ಟು ಬಂದೆ.

ಸದ್ದು ಕೇಳಿ! ಒಂದರ ಕೆಳಗೊಂದು ಇರುವ ಒಂಬತ್ತು ಪಿನ್‌ಗಳು ರಿಬ್ಬನ್ ಮೇಲೆ ಕುಟ್ಟುತ್ತಿವೆ, ಚುಕ್ಕೆ ಚುಕ್ಕೆ ಸೇರಿ ಅಕ್ಷರ ಆಗುತ್ತಿದೆ. ಇಂಗ್ಲಿಷಿಗೆ ಒಂಬತ್ತು ಸಾಕು. ನಮ್ಮ 'ಸ್ತ್ರೀ' ಬರೆಯಲಿ ನೋಡೋಣ. ಕೆಳಗೆ ಎರಡು ಒತ್ತು. ಒಂದೇ ಓಟಕ್ಕೆ ಹಿಡಿಸುವುದಿಲ್ಲ, ಪ್ರಿಂಟರ್ ತಲೆ ಮತ್ತೆ ಓಡಬೇಕು. ಸುಮ್ನೆ ಗುಜರಿ ಅನ್ನೋಣ ಅಂತಿದ್ದೆ. ಆದರೆ ಕಾರ್ಬನ್ ಪ್ರತಿ ಬೇಕು ಅಂದರೆ ಇದೇ ಗತಿ. ಲೇಸರ್ ಪ್ರಿಂಟರ್ ಕಾಗದವನ್ನು ಗುದ್ದುವುದೇ ಇಲ್ಲವಲ್ಲ. ಸರಿ, ಗುಜರಿ ಅಲ್ಲ.

ಬೆಲೆ ಅಂದರೆ 1985ರ ಆಪಲ್ ಲೇಸರ್ ಪ್ರಿಂಟರ್, ಲೇಸರ್‌ರೈಟರ್. 6,995 ಡಾಲರ್! ಹುಚ್ಚು ಅಲ್ವಾ? ಒಂದನ್ನು ಇಡೀ ಆಫೀಸು ಹಂಚಿಕೊಳ್ಳಲಿ ಅಂತ ಕೇಬಲ್ ವ್ಯವಸ್ಥೆಯನ್ನೂ ಕೊಟ್ಟಿದ್ದರು. ಅದರೊಳಗಿನ ಪ್ರೊಸೆಸರ್ ವೇಗ 12 ಮೆಗಾಹರ್ಟ್ಸ್, ಅದಕ್ಕೆ ಕೆಲಸ ಕೊಡುವ ಮ್ಯಾಕಿಂಟಾಷ್ ಕಂಪ್ಯೂಟರಿನದು ಸುಮಾರು 8. ಯಜಮಾನನಿಗಿಂತ ಆಳೇ ಗಟ್ಟಿ! ಯಾಕೆಂದರೆ ಪುಟ ಬರುತ್ತಿದ್ದದ್ದು ಅಡೋಬಿಯ ಪೋಸ್ಟ್‌ಸ್ಕ್ರಿಪ್ಟ್ ಭಾಷೆಯಲ್ಲಿ. ಈ ಗೆರೆ ಇಲ್ಲಿಂದ ಅಲ್ಲಿಗೆ, ಈ ಅಕ್ಷರ ಇಷ್ಟು ದೊಡ್ಡದು ಅಂತ ಬರೀ ಲೆಕ್ಕ. ಅದನ್ನು ಬಿಡಿಸಿ ಇಂಚಿಗೆ 300 ಚುಕ್ಕೆ ಇಡುವುದು ಪ್ರಿಂಟರ್ ತಲೆನೋವು.

ಅದೇ ವರ್ಷ ಆಲ್ಡಸ್ ಕಂಪನಿಯವರ ಪೇಜ್‌ಮೇಕರ್ ಬಂತು, ಪುಟ ಜೋಡಿಸುವ ಸಾಫ್ಟ್‌ವೇರ್. ಹೀಗೆ ಮೇಜಿನ ಮೇಲಿನ ಕಂಪ್ಯೂಟರಲ್ಲೇ ಪುಟ ತಯಾರಿಸುವುದಕ್ಕೆ 'ಡೆಸ್ಕ್‌ಟಾಪ್ ಪಬ್ಲಿಷಿಂಗ್' ಅಂತ ಹೆಸರಿಟ್ಟವರು ಆಲ್ಡಸ್‌ನ ಪಾಲ್ ಬ್ರೇನರ್ಡ್. ಅದೇ ಮುಂದೆ ನಮ್ಮ ಬಸ್ ಸ್ಟ್ಯಾಂಡ್ ಪಕ್ಕದ 'ಡಿಟಿಪಿ, ಜೆರಾಕ್ಸ್, ಲ್ಯಾಮಿನೇಷನ್' ಬೋರ್ಡು. ನಮ್ಮಕ್ಕನ ಮದುವೆ ಕಾರ್ಡು ಅಂಥ ಕಡೆಯೇ ಮಾಡಿಸಿದ್ದು. ಮೂರು ಸಲ ತಿದ್ದಿಸಿದರೂ ಭಾವನ ಇನಿಷಿಯಲ್...

ಅಯ್ಯೋ, ಕಾಗದ ಓರೆ ಹೋಗುತ್ತಿದೆ! ಅದರ ಅಂಚಿನ ತೂತು ಪ್ರಿಂಟರಿನ ಹಲ್ಲಿಂದ ಜಾರಿದೆ. ಇರಿ, ಆಫ್ ಮಾಡುತ್ತೇನೆ.